ಹೊಂಗೆ ಎಲೆ ಸರಿದ ಕಥೆ

ನುಸಿಗೆ ಜಾಗ ಕೊಡಲಿಲ್ಲ. ಎಲ್ಲರಿಗೂ ಕೊಟ್ಟರು, ಅವಳಿಗೆ ಕೊಡಲಿಲ್ಲ. ಕೊಟ್ಟೆವಲ್ಲ ಎಂದು ಆಮೇಲೆ ಹೇಳಿದರು. ಅದು ಸುಳ್ಳು. ಸುಳ್ಳನ್ನು ಸುಳ್ಳು ಎಂದೇ ಹೇಳಬೇಕು, ಮಗು. ಅದಕ್ಕೇ ಈ ಕಥೆ.

ಆಗ ಲೋಕ ಇನ್ನೂ ಹಸಿಯಾಗಿತ್ತು. ಬೆಟ್ಟಕ್ಕೆ ಬೆರಳಿಟ್ಟರೆ ಗುರುತು ಉಳಿಯುತ್ತಿತ್ತು. ಯಾವ ಕಡೆ ಹರಿಯಬೇಕೆಂದು ಹಳ್ಳಕ್ಕೇ ಗೊತ್ತಿರಲಿಲ್ಲ. ಬೆಳಿಗ್ಗೆ ಇತ್ತ ಹರಿದು ಮಧ್ಯಾಹ್ನ ಅತ್ತ ಹರಿಯುತ್ತಿತ್ತು. ಮರಗಳು ಮಾತಾಡುತ್ತಿದ್ದವು. ಗಾಳಿ ಮಾತಾಡುತ್ತಿತ್ತು. ಕಲ್ಲುಗಳೂ ಮಾತಾಡುತ್ತಿದ್ದವು, ಆದರೆ ಒಂದು ಮಾತು ಮುಗಿಸಲು ಅವಕ್ಕೆ ಒಂದು ಮಳೆಗಾಲ ಹಿಡಿಯುತ್ತಿತ್ತು.

ಮಾತುಗಳೂ ಆಗ ಕಡಿಮೆ. ಒಂದೊಂದು ಮಾತು ಎರಡೆರಡು ಕೆಲಸ ಮಾಡಬೇಕಿತ್ತು. ‘ಸರಿ’ ಎಂಬ ಮಾತನ್ನೇ ನೋಡು. ಒಪ್ಪಿದವರೂ ಸರಿ ಎನ್ನುತ್ತಿದ್ದರು. ಅತ್ತ ಹೋಗು ಎನ್ನುವವರೂ ಸರಿ ಎನ್ನುತ್ತಿದ್ದರು. ಇದರಿಂದ ಯಾರಿಗೂ ತೊಂದರೆ ಇರಲಿಲ್ಲ. ಹೇಳುವವರ ಮುಖ ನೋಡಿದರೆ ಸಾಕು. ಮುಖ ಅರಳಿದ್ದರೆ ಒಪ್ಪಿಗೆ. ಹುಬ್ಬು ಗಂಟಿಕ್ಕಿದ್ದರೆ ಹೋಗು.

ಕಣ್ಣಿದ್ದವರಿಗೆ ತೊಂದರೆ ಇರಲಿಲ್ಲ. ನುಸಿಗೆ ಕಣ್ಣಿರಲಿಲ್ಲ.

ಕಣ್ಣಿಲ್ಲ, ಕಿವಿಯಷ್ಟೇ. ಮೈ ಒಂದು ಚೂರು ದಾರದ ಹಾಗೆ ಉದ್ದ. ಒಂದು ಸಾಸಿವೆ ಕಾಳಿನ ಮೇಲೆ ಅವಳಂಥ ಮೂವತ್ತು ಜನ ಕಾಲು ಚಾಚಿ ಮಲಗಬಹುದು. ಆದರೆ ಅವಳಂಥವರು ಇನ್ನೊಬ್ಬರೂ ಇರಲಿಲ್ಲ. ಇಡೀ ಲೋಕಕ್ಕೆ ಅವಳೊಬ್ಬಳೇ.

ಒಂದು ದಿನ ಹಳ್ಳದ ದಡದಲ್ಲಿ ಜಾಗ ಹಂಚಿದರು. ಹಂಚಿದವನು ಕೆಂಜಿಗ, ಮರ ಹತ್ತುವ ಕೆಂಪಿರುವೆ. ಅವನಿಗೆ ಈ ಕೆಲಸ ಯಾರು ಕೊಟ್ಟರು? ಯಾರೂ ಕೊಡಲಿಲ್ಲ. ಅಲ್ಲೊಂದು ಎತ್ತರದ ಕಲ್ಲಿತ್ತು. ಅವನು ಮೊದಲು ಹತ್ತಿದ. ಅಷ್ಟೇ.

“ಆರು ಕಾಲಿನವರು ಈ ಕಡೆ!” ಎಂದು ಕೆಂಜಿಗ ಕೂಗಿದ. “ಎಂಟು ಕಾಲಿನವರು ಆ ಕಡೆ! ಏ ಜೇಡಪ್ಪ, ನಿನ್ನ ಕಾಲು ನೀನೇ ತುಳ್ಕೊಬೇಡ, ಸಾಲಲ್ಲಿ ನಿಲ್ಲು! ಕಾಲೇ ಇಲ್ದವರು ಯಾರು? ಹಾವಾ? ನೀನು ನಿಂತ್ಕೊಳೋದು ಬೇಡ, ಮಲಗೇ ಇರು!”

ಎಲ್ಲರೂ ನಕ್ಕರು. ಹಾವಿಗೆ ಬಿಲ ಸಿಕ್ಕಿತು. ಜೇಡನಿಗೆ ಮೂಲೆ ಸಿಕ್ಕಿತು. ಜೇನಿಗೆ ಕೊಂಬೆ ಸಿಕ್ಕಿತು. ತನಗೆ ಮಾತ್ರ ಕೆಂಜಿಗ ಹಳ್ಳದ ದಡದ ಮಾವಿನ ಮರ ಇಡೀದು ಬರೆದುಕೊಂಡ.

ನುಸಿಯನ್ನು ಯಾರೂ ಕರೆಯಲಿಲ್ಲ. ಅವಳೇ ಕಲ್ಲಿನ ಬುಡಕ್ಕೆ ಬಂದಳು.

“ಅಣ್ಣಾ, ನಾನೂ ಇದೀನಿ.”

ಕೆಂಜಿಗ ಬಗ್ಗಿ ನೋಡಲಿಲ್ಲ. “ಎಷ್ಟು ಕಾಲು?” ಎಂದ.

“ನಾಲ್ಕು.”

“ನಾಲ್ಕಾ? ಎಮ್ಮೆ ಹಿಂದೆ ನಿಲ್ಲು.”

ನುಸಿಗೆ ನಿಜವಾಗಿ ನಾಲ್ಕೇ ಕಾಲು, ನಾಲ್ಕೂ ತಲೆಯ ಹತ್ತಿರವೇ. ಹುಳಕ್ಕೆ ಆರಿರುತ್ತದೆ, ಎಂಟಿರುತ್ತದೆ. ನಾಲ್ಕು ಕಾಲಿನ ಪುಟ್ಟ ಜೀವಕ್ಕೆ ಅಲ್ಲಿ ಸಾಲೇ ಇರಲಿಲ್ಲ. ಅವಳು ಹೋಗಿ ಎಮ್ಮೆ ಹಿಂದೆ ನಿಂತಳು. ಅವಳ ಹಿಂದೆ ನರಿ ನಿಂತಿತು.

“ನನ್ನ ಹಿಂದೆ ಯಾರೋ ನಿಂತಂಗಾಯ್ತು,” ಎಂದಿತು ಎಮ್ಮೆ.

“ನಾನೇ,” ಎಂದಿತು ನರಿ.

“ನಾನು,” ಎಂದಳು ನುಸಿ. ಅದು ಯಾರಿಗೂ ಕೇಳಲಿಲ್ಲ.

ನಾಲ್ಕು ಕಾಲಿನವರಿಗೆಲ್ಲ ಕೆಂಜಿಗ ಹುಲ್ಲುಗಾವಲು ಕೊಟ್ಟ. ಎಮ್ಮೆ ಮೇಯಲು ಹೋಯಿತು. ನರಿ ಪೊದೆ ಹುಡುಕಲು ಹೋಯಿತು. ನುಸಿ ಆ ಬಯಲಿನ ಅಂಚಿನಲ್ಲಿ ನಿಂತಳು. ತಲೆಯ ಮೇಲೆ ಬಿಸಿಲು. ಸುತ್ತ ಗೊರಸುಗಳ ಸದ್ದು. ಹುಲ್ಲಿಗೆ ಬಾಯಿ ಹಾಕಿದಳು, ಅದು ಬಿರುಸು. ಅವಳ ಬಾಯಿ ಎಳೆ ಎಲೆಯ ಹಾಲನ್ನು ಹೀರಲು ಆದದ್ದು, ಮೇಯಲು ಆದದ್ದಲ್ಲ.

ಅವಳು ವಾಪಸು ಕಲ್ಲಿನ ಬುಡಕ್ಕೆ ಬಂದಳು. ಬರಲು ಒಂದಿಡೀ ಬೆಳಗು ಹಿಡಿಯಿತು.

“ಅಣ್ಣಾ, ಅದು ನನಗಾಗೋ ಜಾಗ ಅಲ್ಲ.”

“ಏನಮ್ಮಾ ನಿಂದು ಗೋಳು?” ಎಂದ ಕೆಂಜಿಗ. “ಎಮ್ಮೆಗೆ ಎಷ್ಟು ಕೊಟ್ಟಿದೀನೋ ನಿನಗೂ ಅಷ್ಟೇ ಕೊಟ್ಟಿದೀನಿ. ಎಮ್ಮೆ ಸುಮ್ಮನೆ ಮೇಯ್ತಿಲ್ವಾ? ನಿನಗೇನಂತೆ?”

ಕೇಳಿದೆಯಾ, ಮಗು? ಎಮ್ಮೆಗೆ ಕೊಟ್ಟಷ್ಟೇ ನುಸಿಗೂ ಕೊಟ್ಟನಂತೆ. ಅದನ್ನವನು ನ್ಯಾಯ ಎಂದು ಕರೆದ. ಸುತ್ತ ನಿಂತವರು ತಲೆಯಾಡಿಸಿದರು.

ನುಸಿ ತನಗಾಗಿ ಮಾತ್ರ ಕೇಳಿರಲಿಲ್ಲ. ಅವಳ ಹೊಟ್ಟೆಯಲ್ಲಿ ಮೊಟ್ಟೆಗಳಿದ್ದವು. ಇಡಲು ಒಂದು ಮುಚ್ಚಿದ ಜಾಗ ಬೇಕಿತ್ತು. ಜಾಗ ಸಿಕ್ಕದಿದ್ದರೆ ಮೊಟ್ಟೆಯೂ ಇಲ್ಲ, ಅವಳೂ ಇಲ್ಲ, ನುಸಿ ಎಂಬ ಹೆಸರೂ ಇಲ್ಲ.

ಆ ಹೊತ್ತಿಗೆ ಗಾಳಿ ಬಂತು. ಗಾಳಿ ಒರಟು, ಆದರೆ ಕೆಟ್ಟವನಲ್ಲ. ಎಲ್ಲರನ್ನೂ ಮುಟ್ಟಿಕೊಂಡು ಹೋಗುವುದರಿಂದ ಅವನಿಗೆ ಚಿಕ್ಕವರ ಮಾತೂ ಕೇಳುತ್ತಿತ್ತು.

“ಯಾಕವ್ವಾ ಇಲ್ಲೇ ನಿಂತಿದೀಯಾ?”

“ಎಳೆ ಎಲೆ ಎಲ್ಲಿ ಸಿಗುತ್ತೆ, ಗಾಳಿಯಣ್ಣ?”

“ಮರಗಳೆಲ್ಲ ಈಗ ಚಿಗುರಿವೆ. ಆದರೆ ಎಳೆ ಎಲೆ ಏಳೇ ದಿನ. ಆಮೇಲೆ ಬಲಿತುಬಿಡುತ್ತೆ, ನಿನ್ನ ಬಾಯಿ ಇಳಿಯಲ್ಲ. ನನ್ನ ಬೆನ್ನು ಹತ್ತು. ಎಲ್ಲಿ ಬೀಳ್ತೀಯೋ ನಾನು ಹೇಳಲಾರೆ. ಎತ್ತೋದು ನನಗೆ ಗೊತ್ತು, ಇಳಿಸೋದು ಗೊತ್ತಿಲ್ಲ.”

ನುಸಿ ಬಾಲದ ಮೇಲೆ ಎದ್ದು ನಿಂತಳು. ಗಾಳಿ ಎತ್ತಿಕೊಂಡ.

ಮೊದಲು ಬಿದ್ದದ್ದು ಮಾವಿನ ಮರದ ಮೇಲೆ. ಎಳೆ ಎಲೆ ಬಾಡಿದಂತೆ ಮೆತ್ತಗೆ ಜೋತುಬಿದ್ದಿತ್ತು. ವಾಸನೆಗೇ ನುಸಿಯ ಬಾಯಲ್ಲಿ ನೀರೂರಿತು.

“ಮಾವಿನಮ್ಮಾ, ಒಂಚೂರು ಜಾಗ ಬೇಕಿತ್ತು. ನನಗೂ ಮಕ್ಕಳಿಗೂ.”

“ಸರಿ,” ಎಂದಳು ಮಾವಿನಮ್ಮ.

ನುಸಿಯ ಮೈಯೆಲ್ಲ ಹಗುರಾಯಿತು. ಹೊಟ್ಟೆಗೆ ಹೇಳಿದಳು: “ಕೇಳಿಸ್ತಾ, ಮಕ್ಕಳಾ? ಸರಿ ಅಂದಳು!” ಎರಡು ಕಾಲು ಮುಂದಿಟ್ಟಳು. ಮಾವಿನಮ್ಮ ಕೊಂಬೆ ಒದರಿದಳು.

“ಸರಿ ಅಂದ್ರೆ ಸರೀಬೇಕು! ಇದು ಕೆಂಜಿಗರ ಮನೆ. ಕಂಡಕಂಡವರಿಗೆಲ್ಲ ಛತ್ರ ಅಲ್ಲ.”

ನುಸಿ ತರಗೆಲೆಯ ಮೇಲೆ ಬಿದ್ದಳು. ಗಾಳಿ ಬರುವ ತನಕ ಎರಡು ದಿನ ಅಲ್ಲೇ ಬಿದ್ದಿದ್ದಳು. ಮೇಲೆ ಕೆಂಜಿಗರು ಎಲೆಗೆ ಎಲೆ ಸೇರಿಸಿ ಹೊಲಿಯುವ ಸದ್ದು ಕೇಳುತ್ತಿತ್ತು. ಒಂದು ಮನೆ ಆದ ಮೇಲೆ ಇನ್ನೊಂದು, ಅದಾದ ಮೇಲೆ ಮತ್ತೊಂದು.

ಗಾಳಿ ಬಂದಾಗ ನುಸಿ ಕೇಳಿದಳು, “ಸರಿ ಅಂದಳಲ್ಲ, ಅಣ್ಣಾ. ಮತ್ತೆ ಯಾಕೆ ತಳ್ಳಿದಳು?”

“ಅವಳ ಮುಖ ನೋಡಲಿಲ್ವಾ?”

“ಮುಖ ಅಂದರೇನು?”

 ಗಾಳಿ ಅವಳನ್ನು ಮತ್ತೆ ಬೆನ್ನಿಗೆ ಹತ್ತಿಸಿಕೊಂಡ.

ಎರಡನೇ ಸಲ ಬಿದ್ದದ್ದು ಅರಳಿ ಮರದ ಮೇಲೆ. ಅರಳಿ ದೊಡ್ಡವನು, ಎಲ್ಲರೂ ಕೈ ಮುಗಿಯುವ ಮರ. ಅವನ ಮುಖ ಯಾವಾಗಲೂ ನಗುತ್ತಿತ್ತು.

“ಅಯ್ಯಾ, ಒಂಚೂರು ಜಾಗ.”

“ಸರಿ ಸರಿ,” ಎಂದ ಅರಳಿ. “ನೋಡೋಣ. ನಾಳೆ ಬಾ.”

ನಾಳೆ ಕೇಳಿದಳು. “ಸರಿ ಸರಿ. ನಾಳೆ.” ನಾಡಿದ್ದು ಕೇಳಿದಳು. “ಸರಿ ಸರಿ.” ಒಂದು ಎಲೆ ಅಂದದ್ದನ್ನು ಇನ್ನೊಂದು ಎಲೆ ಹೇಳುತ್ತಿತ್ತು, ಅದನ್ನು ಮತ್ತೊಂದು. ಮರ ತುಂಬ ಸರಿ ಸರಿ ಸರಿ. ಜಾಗ ಮಾತ್ರ ಒಂದು ಎಲೆಯಲ್ಲೂ ಇಲ್ಲ. ಇಲ್ಲಿ ಕಣ್ಣಿದ್ದರೂ ನುಸಿಗೆ ಉಪಯೋಗವಿರಲಿಲ್ಲ. ನಗುವ ಮುಖವನ್ನೇ ನೋಡಿ ಅವಳು ಇನ್ನೂ ನಾಲ್ಕು ದಿನ ಕಾಯುತ್ತಿದ್ದಳೇನೋ.

ತೊಗಟೆಯ ಬಿರುಕಿನಲ್ಲಿ ಒಬ್ಬಳೇ ಕುಳಿತು ಮೊಟ್ಟೆಗಳ ಜೊತೆ ಮಾತಾಡುತ್ತಿದ್ದಳು.

“ಇದೀರಾ?” ಎಂದು ಕೇಳುತ್ತಿದ್ದಳು. ಮೊಟ್ಟೆಗಳು ಉತ್ತರ ಕೊಡುತ್ತವೆಯೇ? “ಇದೀವಿ,” ಎಂದು ತಾನೇ ಹೇಳಿಕೊಳ್ಳುತ್ತಿದ್ದಳು. ಲೋಕದಲ್ಲಿ ಅವಳಿಗೆ ಉತ್ತರ ಕೊಡುವ ದನಿ ಅದೊಂದೇ. ಅದೂ ಅವಳದೇ.

ಆರನೇ ದಿನ ಅರಳಿಯ ಎಲೆ ಬಲಿತು ಹಸಿರಾಯಿತು.

“ಇನ್ನು ಇವತ್ತೊಂದೇ ದಿನ,” ಎಂದ ಗಾಳಿ, ಏಳನೇ ಬೆಳಿಗ್ಗೆ ಬಂದವನು. “ಈ ದಡದಲ್ಲಿ ಎಳೆ ಎಲೆ ಉಳಿದಿರೋದು ಹೊಂಗೆ ಹತ್ರ ಮಾತ್ರ. ಅವಳು ತಡವಾಗಿ ಚಿಗುರಿದ್ದಾಳೆ. ಆದರೆ ಕಹಿ, ಕಣವ್ವ. ಅವಳ ಹತ್ರ ಯಾರೂ ಇರಲ್ಲ.”

“ನನ್ನ ಹತ್ರಾನೂ ಯಾರೂ ಇಲ್ಲ,” ಎಂದಳು ನುಸಿ. “ಕರ್ಕೊಂಡು ಹೋಗು.”

ಹೊಂಗೆ ಹಳ್ಳದ ಬಾಗಿನಲ್ಲಿ ಬೇರೂರಿ ಕೂತಿದ್ದಳು. ನೆರಳು ದಟ್ಟ. ಎಮ್ಮೆ ಬಂದು ಮಲಗುತ್ತಿತ್ತು, ಬಿಸಿಲು ಇಳಿದ ಮೇಲೆ ಎದ್ದು ಹೋಗುತ್ತಿತ್ತು. ದಾರಿಹೋಕರು ಬಂದು ಕೂರುತ್ತಿದ್ದರು, ಬೆವರು ಆರಿದ ಮೇಲೆ ಎದ್ದು ಹೋಗುತ್ತಿದ್ದರು. ಹೋಗುವಾಗ ಒಬ್ಬರೂ ಬರ್ತೀನಿ ಎಂದು ಹೇಳಿರಲಿಲ್ಲ.

“ಅಕ್ಕಾ,” ಎಂದಳು ನುಸಿ.

“ಯಾರು? ನೆರಳಿಗೆ ಬಂದಿರೋರಾ? ಕೂತ್ಕೊಂಡು ಹೋಗಿ. ಎಲ್ಲಾರೂ ಮಾಡೋದು ಅದೇ.”

“ನೆರಳಿಗಲ್ಲ, ಅಕ್ಕಾ. ಇರೋಕೆ.”

“ಇರೋಕಾ?” ಹೊಂಗೆ ನಕ್ಕಳು. ಆ ನಗುವೂ ಕಹಿ. “ನನ್ನ ಎಲೆ ಕಹಿ, ಕಾಯಿ ಕಹಿ, ತೊಗಟೆ ಕಹಿ. ಆಡು ಕೂಡ ಮೂಸಿ ಹೋಗುತ್ತೆ. ತಮಾಷೆಗೆ ನಾನೇ ಸಿಕ್ಕಿದ್ನಾ? ಸರಿ!”

ಮತ್ತೆ ಅದೇ ಮಾತು. ಒಂದು ಸಲ ಆ ಮಾತನ್ನು ನಂಬಿ ಬಿದ್ದಿದ್ದಳು. ಇನ್ನೊಂದು ಸಲ ನಂಬಿ ಕಾದಿದ್ದಳು. ಈಗ ಅವಳ ಹತ್ತಿರ ಬೀಳಲು ಶಕ್ತಿಯಿಲ್ಲ, ಕಾಯಲು ದಿನವಿಲ್ಲ. ನುಸಿ ಮುಂದೆ ಕಾಲಿಡಲಿಲ್ಲ. ಹಿಂದಕ್ಕೂ ಹೋಗಲಿಲ್ಲ. ನಾಲ್ಕೂ ಕಾಲು ಊರಿ ನಿಂತು ಕೇಳಿದಳು:

“ಯಾವ ಸರಿ, ಅಕ್ಕಾ?”

ಹಳ್ಳ ಹರಿಯುವುದನ್ನು ನಿಲ್ಲಿಸಿತು. ಲೋಕ ಹುಟ್ಟಿದಾಗಿನಿಂದ ಈ ಪ್ರಶ್ನೆಯನ್ನು ಯಾರೂ ಯಾರಿಗೂ ಕೇಳಿರಲಿಲ್ಲ.

“ಯಾವ ಸರಿ ಅಂದ್ರೆ?” ಎಂದಳು ಹೊಂಗೆ.

“ಇರು ಅನ್ನೋ ಸರೀನಾ, ಹೋಗು ಅನ್ನೋ ಸರೀನಾ? ನನಗೆ ಕಣ್ಣಿಲ್ಲ, ನಿನ್ನ ಮುಖ ಕಾಣಲ್ಲ. ಬಾಯಿಬಿಟ್ಟು ಹೇಳು. ಹೋಗು ಅಂದ್ರೆ ಹೋಗ್ತೀನಿ. ಆದರೆ ಹೋಗು ಅಂತಲೇ ಹೇಳು.”

ಹೊಂಗೆ ಹೇಳಿದ್ದು ಹೋಗು ಎಂಬ ಸರಿಯನ್ನೇ. ಅದನ್ನು ಮುಚ್ಚಿಡುವುದು ಬೇಡ. ಆದರೆ ಹೋಗು ಎಂದು ಬಾಯಿಬಿಟ್ಟು ಹೇಳಬೇಕಾಗಿ ಬಂದಾಗ ಅವಳಿಗೆ ನಾಲಿಗೆ ಏಳಲಿಲ್ಲ. ತನ್ನ ಹತ್ತಿರ ಇರುತ್ತೇನೆ ಎಂದು ಬಂದವಳು ಇವಳೊಬ್ಬಳೇ ಎಂದು ನೆನಪಾಯಿತು.

ಹೊಂಗೆ ಕೇಳಿದಳು, “ಇರ್ತೀನಿ ಅಂದ್ರೂ ಎಲ್ಲಿರ್ತೀಯಾ? ಎಲೆ ನೋಡು, ಎಷ್ಟು ತೆಳ್ಳಗಿದೆ. ಅದರೊಳಗೆ ಜಾಗ ಎಲ್ಲಿದೆ?”

“ನಾನು ಎಷ್ಟಿದೀನೋ ಅಷ್ಟು ಸರಿದರೆ ಸಾಕು.”

“ಯಾರು ಸರೀಬೇಕು?”

“ನೀನು.”

“ನಾನಾ? ಮರ ಎಲ್ಲಾದ್ರೂ ಸರಿಯುತ್ತಾ? ನಿಂತವಳು ನೀನು. ಸರಿಯೋದು ನಿಂತವರಲ್ವಾ?”

ಅಲ್ಲಿಯವರೆಗೆ ನಡೆದದ್ದು ಅದೇ. ಸರಿ ಎಂದು ಹೇಳಿಸಿಕೊಂಡವರೆಲ್ಲ ನಿಂತವರು. ಹೇಳಿದವರೆಲ್ಲ ಜಾಗ ಸಿಕ್ಕಿ ಕೂತವರು. ಕೂತವರಿಗೆ ಯಾರೂ ಸರಿ ಎಂದಿರಲಿಲ್ಲ.

“ನಿಂತು ನಿಂತು ಸಾಕಾಯ್ತು, ಅಕ್ಕಾ,” ಎಂದಳು ನುಸಿ. “ಈ ಸಲ ನೀನು ಸರಿ.”

ಬಿಸಿಲು ಏರುತ್ತಿತ್ತು. ಎಲೆಗಳು ಬಲಿಯುತ್ತಿದ್ದವು. ತಾಮ್ರದ ಬಣ್ಣ ಹೋಗಿ ಅಂಚಿನಿಂದ ಹಸಿರು ಒಳಗೊಳಗೆ ಬರುತ್ತಿತ್ತು. ಕೊನೆಗೆ ಒಂದೇ ಒಂದು ಎಲೆ, ತುದಿಯ ಕೊಂಬೆಯದು, ಇನ್ನೂ ಮೆತ್ತಗಿತ್ತು.

ಹೊಂಗೆ ಉಸಿರು ಬಿಗಿಹಿಡಿದಳು. ಆ ಎಲೆಯ ಮೇಲಿನ ಚರ್ಮ ಮೇಲಕ್ಕೆ ಸರಿಯಿತು. ಕೆಳಗಿನ ಚರ್ಮ ಕೆಳಕ್ಕೆ ಸರಿಯಿತು. ನೋವಾಯಿತು. ಆಗಲಿಲ್ಲ ಎಂದು ಅವಳು ಯಾವತ್ತೂ ಹೇಳಿಕೊಂಡಿಲ್ಲ. ಎಲೆಯ ನಡುವೆ ಒಂದು ಪುಟ್ಟ ಗಂಟು ಎದ್ದಿತು. ಒಳಗೆ ಒಂದು ಕೋಣೆ, ಸೂಜಿಮೊನೆಯಷ್ಟು ಬಾಗಿಲು.

“ಸರಿದೆ,” ಎಂದಳು ಹೊಂಗೆ. “ಬಾ.”

ನುಸಿ ಒಳಗೆ ಹೋದಳು. ಸುತ್ತ ಮೆತ್ತನೆಯ ಗೋಡೆ. ಬಾಯಿ ಇಟ್ಟಳು. ಕಹಿ. ಆದರೆ ಅದು ಅವಳ ಬಾಯಿಗೆ ಬಿದ್ದ ಮೊದಲನೇ ತುತ್ತು, ಅವಳಿಗೆ ಬೇರೆ ರುಚಿಯೇ ಗೊತ್ತಿರಲಿಲ್ಲ. ಆ ಸಂಜೆ ಮೊಟ್ಟೆ ಇಟ್ಟಳು.

ಸುದ್ದಿ ಹರಡಿತು. ಮಾವಿನಮ್ಮ ಆ ದಡದಿಂದ ಕೂಗಿದಳು, “ಏನೇ ಹೊಂಗೇ, ಮುಖಕ್ಕೇನಾಯ್ತು? ಅಮ್ಮ ಎದ್ದಿದ್ದಾಳಾ? ಬೇವಿನ ಸೊಪ್ಪು ಕಳಿಸ್ಲಾ?”

ಕೆಂಜಿಗ ತನ್ನ ಜನರನ್ನು ಕಟ್ಟಿಕೊಂಡು ಬಂದ. ಗಂಟಿನ ಮೇಲೆ ಹತ್ತಿ ಇಳಿದ, ಸುತ್ತು ಹಾಕಿದ, ಮೀಸೆಯಿಂದ ತಟ್ಟಿದ.

“ಇದು ಅಕ್ರಮ,” ಎಂದ. “ಇವಳಿಗೆ ಹುಲ್ಲುಗಾವಲು ಕೊಟ್ಟಾಗಿದೆ. ಹೊರಗೆ ಬಾರೇ!”

“ಅಣ್ಣಾ,” ಎಂದು ಒಳಗಿನಿಂದ ದನಿ ಬಂತು, “ನೀನೇ ಒಳಗೆ ಬಂದು ಕರ್ಕೊಂಡು ಹೋಗು.”

ಕೆಂಜಿಗ ಬಾಗಿಲಿಗೆ ತಲೆ ಇಟ್ಟ. ತಲೆ ಹಿಡಿಸಲಿಲ್ಲ. ಮೀಸೆ ಇಟ್ಟ. ಮೀಸೆಯೂ ಹಿಡಿಸಲಿಲ್ಲ. ಅವತ್ತು ಮೊದಲ ಸಲ ಅವನು ಬಗ್ಗಿ ಕೂತು, ಒಂದು ಕಣ್ಣು ಮುಚ್ಚಿ, ನುಸಿಯ ಮನೆಯನ್ನು ನೋಡಬೇಕಾಯಿತು. ಕಲ್ಲಿನ ಮೇಲೆ ನಿಂತಿದ್ದಾಗ ಇಷ್ಟು ಬಗ್ಗಿದ್ದರೆ ಸಾಕಾಗಿತ್ತು.

ಹೊಂಗೆ ಹೇಳಿದಳು, “ನೀನು ಬರೆದುಕೊಂಡಿರೋದು ಮಾವಿನ ಮರ, ಕೆಂಜಿಗ. ಇದು ನನ್ನ ಎಲೆ. ನಾನು ಸರಿದು ಕೊಟ್ಟಿದ್ದು. ಈಗ ನೀನು ಸರಿ.”

ಆ ಸರಿ ಯಾವ ಸರಿ ಎಂದು ಕೆಂಜಿಗ ಕೇಳಲಿಲ್ಲ. ಇಳಿದು ಹೋದ.

ಇಲ್ಲಿಗೆ ಕಥೆ ಸುಖವಾಗಿ ಮುಗಿಯಿತು ಎಂದುಕೊಳ್ಳಬೇಡ.

ನುಸಿ ಮತ್ತೆ ಹೊರಗೆ ಬರಲಿಲ್ಲ. ಹೊಂಗೆಗೆ ಅವಳ ಮುಖ ಕಾಣಲಿಲ್ಲ, ಅವಳಿಗೆ ಹೊಂಗೆಯ ಮುಖ ಕಾಣಲಿಲ್ಲ. ಸಂಜೆ ಹೊತ್ತು ಹೊಂಗೆ ಕೇಳುತ್ತಿದ್ದಳು, “ಇದೀಯಾ?” ಒಳಗಿನಿಂದ ಉತ್ತರ ಬರುತ್ತಿತ್ತು, “ಇದೀನಿ.” ಅಷ್ಟೇ ಮಾತು. ಅಷ್ಟು ಮಾತಿಗೇ ಇಬ್ಬರೂ ಕಾಯುತ್ತಿದ್ದರು.

ಮೊಟ್ಟೆ ಒಡೆಯಿತು. ಮಕ್ಕಳು ಗೋಡೆ ಹಿಡಿದು ನಡೆದರು. ಒಂದು ಸಂಜೆ ಹೊಂಗೆ “ಇದೀಯಾ?” ಎಂದಾಗ “ಇದೀವಿ” ಎಂದು ಬಂತು, ನೂರು ಸಣ್ಣ ದನಿಯಲ್ಲಿ. ಆ ದನಿಗಳಲ್ಲಿ ತಾಯಿಯ ದನಿ ಇರಲಿಲ್ಲ. ಹೊಂಗೆ ಇನ್ನೊಮ್ಮೆ ಕೇಳಿದಳು. ಆಮೇಲೆ ಕೇಳಲಿಲ್ಲ.

ಚಳಿ ಕಳೆಯುತ್ತ ಬಂದಾಗ ಎಲೆ ಹಳದಿಯಾಯಿತು. ಉದುರುವ ಮುಂಚೆ ಮಕ್ಕಳು ಸೂಜಿಮೊನೆಯ ಬಾಗಿಲಿನಿಂದ ಹೊರಗೆ ಬಂದರು. ಕೆಲವರು ಮುಂದಿನ ಚಿಗುರಿಗೆ ಕಾದು ಮೊಗ್ಗಿನ ಸಂದಿಯಲ್ಲಿ ಕುಳಿತರು. ಉಳಿದವರು ಗಾಳಿಯ ಬೆನ್ನು ಹತ್ತಿದರು. ಇಳಿಸುವುದು ಗಾಳಿಗೆ ಇವತ್ತಿಗೂ ಗೊತ್ತಿಲ್ಲ. ಹೊಂಗೆಯ ಮೇಲೆ ಬಿದ್ದವರು ಬದುಕಿದರು. ಕಲ್ಲಿನ ಮೇಲೆ, ನೀರಿನ ಮೇಲೆ, ಹುಲ್ಲುಗಾವಲಿನ ಮೇಲೆ ಬಿದ್ದವರು ಒಬ್ಬೊಬ್ಬರೇ ಸತ್ತರು. ಅವರ ಹೆಸರು ಯಾರಿಗೂ ಗೊತ್ತಿಲ್ಲ, ಯಾರೂ ಕರೆದಿರಲಿಲ್ಲವಲ್ಲ.

ಹೊಂಗೆ ಮಾತ್ರ ಆ ವರ್ಷದಿಂದ ಪ್ರತಿ ಎಲೆಗೂ ಹೇಳಿಕೊಟ್ಟಳು: ಬಂದು ಕೇಳಿದವರಿದ್ದರೆ ಸರಿ. ಒಬ್ಬಳು ಬಂದರೆ ಒಂದು ಗಂಟು. ಹತ್ತು ಜನ ಬಂದರೆ ಹತ್ತು ಗಂಟು.

ಅದಕ್ಕೇ ಮಗು, ಇವತ್ತಿಗೂ ಹೊಂಗೆ ಎಲೆಯ ಮೇಲೆ ಗಂಟು ಗಂಟಾಗಿ ಕಾಣುತ್ತದೆ. ರೋಗ ಬಂದಿದೆ ಎಂದು ಯಾರಾದರೂ ಹೇಳಿದರೆ ನಂಬಬೇಡ. ಮರ ಸಾಯುವುದಿಲ್ಲ, ನೆರಳು ಕಡಿಮೆಯಾಗುವುದಿಲ್ಲ. ಎಲೆ ಕೊಂಚ ವಿಕಾರವಾಗುತ್ತದೆ. ಸರಿದವರ ಮೈ ಹಾಗೇ ಕಾಣುವುದು.

ನಾಳೆ ಸ್ಕೂಲಿಗೆ ಹೋಗುವಾಗ ದಾರಿಯಲ್ಲಿ ಹೊಂಗೆ ಸಿಗುತ್ತದೆ. ಒಂದು ಎಲೆ ಮುಟ್ಟಿ ನೋಡು, ಕೀಳಬೇಡ. ಆಮೇಲೆ ಕ್ಲಾಸಿಗೆ ಹೋಗು. ಬೆಂಚಿನಲ್ಲಿ ಜಾಗವಿಲ್ಲದೆ ಬಾಗಿಲ ಹತ್ತಿರ ನಿಂತಿರುವವಳು ಯಾರು ಎಂದು ನಿನಗೆ ಗೊತ್ತು. ಅವಳ ಹೆಸರು ಹಿಡಿದು ಕರೆ. ಯಾರಾದರೂ ಅವಳಿಗೆ “ಸರಿ ಸರಿ, ನೋಡೋಣ” ಎಂದರೆ ಎದ್ದು ನಿಂತು ಕೇಳು, ಯಾವ ಸರಿ ಎಂದು. ಅವರು ಉತ್ತರ ಕೊಡಲಿ, ಬಿಡಲಿ. ನೀನು ಕೂತಿದ್ದೀಯಲ್ಲ, ನೀನು ಸರಿ.